ಮೂವತ್ತೆಂಟು ಡಿಗ್ರಿಯ ಗೆರೆ

ಚಿತ್ರ ಹೋದದ್ದು ಸಂಜೆ ಆರು ಗಂಟೆ ಇಪ್ಪತ್ತೆರಡು ನಿಮಿಷಕ್ಕೆ. ಗಡಿಯಾರ ನೋಡಿ ಬರೆದುಕೊಂಡಿದ್ದೆ. ಔರಾದ ತಾಲೂಕಿನ ಒಂದು ಹಳ್ಳಿಯ ಶಾಲೆ, ಒಳಗೆ ನೂರರ ಹತ್ತಿರ ಜನ. ಎತ್ತಿನ ಕಾಲುಬಾಯಿ ಜ್ವರದ ಬಗ್ಗೆ ಮಾತಾಡುತ್ತಿದ್ದ ಡಾಕ್ಟರು ಪರದೆಯ ಮೇಲೆ ಮೊದಲು ನಡುಗಿದರು. ಆಮೇಲೆ ಅವರ ಮುಖದ ತುಂಬ ಬಿಳಿ ಇರುವೆಗಳು ಹರಿದಾಡಿದವು. ಕೊನೆಗೆ ಇರುವೆಗಳಷ್ಟೇ ಉಳಿದವು.

"ಡಾಕ್ಟರಿಗೇ ಜ್ವರ ಬಂತೇನ್ರಿ?" ಎಂದು ಹಿಂದಿನಿಂದ ಯಾರೋ ಕೂಗಿದರು. ಜನ ನಕ್ಕರು, ನಾನೂ ನಕ್ಕೆ. ಆ ನಗುವಿನಿಂದ ಹನ್ನೆರಡನೆಯ ದಿನ ಅದೇ ಊರಿನಲ್ಲಿ ನಾನು ಒಂದು ಬೀಗದ ಮುಂದೆ ಕೂತು ಕೀಲಿಯನ್ನು ತಪ್ಪು ದಿಕ್ಕಿಗೆ ತಿರುಗಿಸುತ್ತಿದ್ದೆ.

ಮೈಸೂರು ರಾಜ್ಯ ಎಂಬ ಹೆಸರು ಹೋಗಿ ಕರ್ನಾಟಕ ಎಂದಾಗಿ ಎರಡು ಮೂರು ವರ್ಷ ಆಗಿತ್ತು. ನಮ್ಮ ಕಡೆಯ ಹಳೆಯ ಜನ ಇನ್ನೂ ಹೊತ್ತುಗೊತ್ತುಗಳನ್ನು "ಮೈಸೂರಿಗೆ ಸೇರೂಕಿಂತ ಮೊದಲು", "ಸೇರಿದ ಮ್ಯಾಲ" ಎಂದೇ ಲೆಕ್ಕ ಹಾಕುತ್ತಿದ್ದರು. ನಾನು ಹಲಬರ್ಗಾದ ಕುರಿ ಸಾಕುವ ಮನೆಯವನು. ಬಿ.ಎಸ್ಸಿ. ಮುಗಿಸಿ, ಹಳ್ಳಿಗಳಲ್ಲಿ ಇಟ್ಟ ಟೀವಿ ಪೆಟ್ಟಿಗೆಗಳನ್ನು ನೋಡಿಕೊಳ್ಳುವ ಕೆಲಸಕ್ಕೆ ಸೇರಿದ್ದೆ. ಬೀದರಿನ ಕಾಳಿನ ಪೇಟೆ ಗಾಂಧಿ ಗಂಜದ ಹಿಂದೆ ನಮ್ಮ ಒಂದು ಕೋಣೆಯ ಕಚೇರಿ, ಒಂದು ಜೀಪು, ಒಂದು ಪೆಟ್ಟಿಗೆ ಸಾಮಾನು.

ಚಿತ್ರ ಬರುತ್ತಿದ್ದದ್ದು ಒಂದು ವರ್ಷದ ಮಟ್ಟಿಗೆ ಕಡ ಪಡೆದ ಉಪಗ್ರಹದಿಂದ. ಭೂಮಧ್ಯರೇಖೆಯ ಮೇಲೆ ಮೂವತ್ತಾರು ಸಾವಿರ ಕಿಲೋಮೀಟರ್ ಎತ್ತರದಲ್ಲಿ, ಆಫ್ರಿಕದ ಪೂರ್ವದ ನಾಡುಗಳ ನೆತ್ತಿಯಲ್ಲಿ ಅದು ನಿಂತಿತ್ತು. ನಿಂತಂತೆ ಕಾಣುವುದು ನಮಗೆ ಮಾತ್ರ. ಭೂಮಿ ಒಂದು ಸುತ್ತು ತಿರುಗುವಷ್ಟರಲ್ಲಿ ಅದೂ ಒಂದು ಸುತ್ತು ಬರುತ್ತಿತ್ತು, ಹಾಗಾಗಿ ಆಕಾಶದ ಒಂದೇ ಬಿಂದುವಿನಲ್ಲಿ ಮೊಳೆ ಹೊಡೆದಂತೆ ಇರುತ್ತಿತ್ತು. ಅದರ ಮೈಮೇಲೆ ಮೂವತ್ತು ಅಡಿಯ ಜಾಲರಿ ಕೊಡೆ. ಆ ಕೊಡೆಯ ಬಲದಿಂದಲೇ ಹಳ್ಳಿಯಲ್ಲಿ ಹತ್ತಡಿ ಅಗಲದ, ಕೋಳಿಗೂಡಿನ ತಂತಿಯ ಬುಟ್ಟಿ ಒಂದಿದ್ದರೆ ಸಾಕಾಗುತ್ತಿತ್ತು. ನಮ್ಮ ಜಿಲ್ಲೆಯಿಂದ ನೋಡಿದರೆ ಬುಟ್ಟಿಯ ಮುಖ ಪಶ್ಚಿಮಕ್ಕಿಂತ ತುಸು ದಕ್ಷಿಣಕ್ಕೆ, ನೆಲದಿಂದ ಮೂವತ್ತೆಂಟು ಡಿಗ್ರಿ ಮೇಲಕ್ಕೆ ಇರಬೇಕು. ಆ ಗೆರೆ ತಪ್ಪಿದರೆ ಅಥವಾ ಆ ಗೆರೆಗೆ ಏನಾದರೂ ಅಡ್ಡ ಬಂದರೆ ಇರುವೆಗಳೇ ಗತಿ.

ಅಂದು ಸಂಜೆ ಕ್ರಮವಾಗಿ ನೋಡಿದೆ. ಕರೆಂಟು ಇತ್ತು. ಕೇಬಲ್ಲಿನ ಎರಡೂ ತುದಿ ಬಿಚ್ಚಿ ಒರೆಸಿ ಹಾಕಿದೆ. ಬುಟ್ಟಿಯಿಂದ ಬಂದ ಸಂಕೇತವನ್ನು ಟೀವಿಗೆ ಒಗ್ಗಿಸುವ ಡಬ್ಬಿಯನ್ನು ಬದಲಾಯಿಸಿದೆ. ಏನೂ ಆಗಲಿಲ್ಲ. ಟೀವಿಯ ಜವಾಬ್ದಾರಿ ಹೊತ್ತವರು ಬಾಗಿಲಲ್ಲಿ ನಿಂತು ನನ್ನನ್ನೇ ನೋಡುತ್ತಿದ್ದರು. ಊರವರು ಅವರನ್ನು ಕೀಲಿಯವ ಎನ್ನುತ್ತಿದ್ದರು. ನಾನು ಕಾಕಾ ಎನ್ನುತ್ತಿದ್ದೆ. ನಲವತ್ತು ದಾಟಿದ ಮನುಷ್ಯ, ಬೌದ್ಧರಾದ ದಲಿತರ ಓಣಿಯವರು. ಗಾಂಧಿ ಗಂಜದಲ್ಲಿ ಹದಿನೈದು ವರ್ಷ ಹಮಾಲಿ ಮಾಡಿ, ಅಲ್ಲೇ ಓದಲು ಬರೆಯಲು ಕಲಿತು ಊರಿಗೆ ಮರಳಿದವರು. ಚೀಲ ಎತ್ತುವ ಕಬ್ಬಿಣದ ಕೊಕ್ಕೆ ಈಗಲೂ ಸೊಂಟದಲ್ಲಿ ಇರುತ್ತಿತ್ತು.

"ಒಳಗ ಹುಡುಕಬ್ಯಾಡ್ರಿ ಸಾಹೇಬ್ರ," ಎಂದರು. "ಹೊರಗ ಬರ್ರಿ."

ಶಾಲೆಯ ಹಿಂದೆ, ನಮ್ಮ ಬುಟ್ಟಿಯಿಂದ ಆರು ಹೆಜ್ಜೆ ದೂರದಲ್ಲಿ, ಆರು ಆಳು ಜೋಳದ ಕಣಿಕೆಯ, ಅಂದರೆ ದಂಟಿನ, ಬಣವೆ ಒಟ್ಟುತ್ತಿದ್ದರು. ಕಣಿಕೆ ಹಿಂದಿನ ದಿನದ ಅಕಾಲದ ಮಳೆಗೆ ತೊಯ್ದಿತ್ತು. ಒದ್ದೆ ಬಣವೆ ಸಂಕೇತವನ್ನು ಹೀರುತ್ತದೆ, ಗೋಡೆಯಂತೆ ತಡೆಯುತ್ತದೆ. ಯಾವ ರೈತನೂ ಒದ್ದೆ ಕಣಿಕೆಯನ್ನು ಒಟ್ಟುವುದಿಲ್ಲ, ಅದು ಕೊಳೆಯುತ್ತದೆ. ಇವರು ಒಟ್ಟುತ್ತಿದ್ದರು.

ಅದನ್ನು ಅವರಿಗೆ ಕಲಿಸಿದವನು ನಾನೇ. ಮಳೆಗಾಲದಲ್ಲಿ ಬುಟ್ಟಿ ನಿಲ್ಲಿಸಿದ ದಿನ ಊರೆಲ್ಲ ನೆರೆದಿತ್ತು. ತೂಗುಗುಂಡು ಕಟ್ಟಿದ ಮರದ ಕೋನಮಾಪಕ ಹಿಡಿದು, ಸುಣ್ಣದಲ್ಲಿ ನೆಲದ ಮೇಲೆ ಗೆರೆ ಎಳೆದು ಭಾಷಣ ಮಾಡಿದ್ದೆ: ಈ ಗೆರೆಯ ಮೇಲೆ ಗಿಡ, ಗುಡಿಸಲು, ಬಣವೆ, ಏನೂ ಬರಬಾರದು. ಊರಿನ ದೊಡ್ಡಮನೆ, ವಾಡೆಯ ಧಣಿ ಮುಂದೆಯೇ ಕುರ್ಚಿ ಹಾಕಿಸಿಕೊಂಡು ಕೂತಿದ್ದರು.

"ಎಷ್ಟು ಎತ್ತರ ಬಂದ್ರ ಅಡ್ಡ ಆಗ್ತದ?" ಎಂದು ಕೇಳಿದ್ದರು.

ಕಾಲೇಜಿನಲ್ಲಿ ತ್ರಿಕೋನಮಿತಿ ಓದಿದವನ ಹೆಮ್ಮೆಯಿಂದ ಬೆರಳಲ್ಲಿ ಲೆಕ್ಕ ಹಾಕಿ ಹೇಳಿದ್ದೆ. "ಆರು ಹೆಜ್ಜಿ ದೂರಕ್ಕ ಮೂರು ಆಳೆತ್ತರ ಬಂದ್ರ ಪೂರಾ ಬಂದ್ ಆಗ್ತದ್ರಿ."

ಬಣವೆ ಮೂರು ಆಳೆತ್ತರ ಇತ್ತು, ಆರು ಹೆಜ್ಜೆ ದೂರದಲ್ಲಿತ್ತು.

ಕಾರಣ ಕಾಕಾ ಹೇಳಿದರು. ಟೀವಿ ನೋಡಲು ಬಂದವರನ್ನು ಅವರು ಬಂದ ಸರದಿಯಲ್ಲೇ ಕೂಡಿಸುತ್ತಿದ್ದರು. ಧಣಿಯ ತಾಯಿಗೆ ಕಿವಿ ಮಂದ. ಧ್ವನಿ ಚೆನ್ನಾಗಿ ಕೇಳುವುದು ಪೆಟ್ಟಿಗೆಯ ಎಡಕ್ಕೆ, ಅಲ್ಲಿ ದಿನವೂ ಮೊದಲು ಬಂದು ಕೂಡುತ್ತಿದ್ದವರು ಕಾಕಾ ಅವರ ಹೆಂಡತಿ. ಮುದುಕಿ ಅವರ ಪಕ್ಕದಲ್ಲೇ ಮಣೆ ಹಾಕಿಕೊಂಡರು. ಎರಡು ತಿಂಗಳಲ್ಲಿ ಇಬ್ಬರೂ ಒಬ್ಬರ ತೊಡೆ ತಟ್ಟಿ ಒಬ್ಬರು ನಗುವಷ್ಟಾದರು. ಓಣಿಯವರನ್ನು ಕಿಟಕಿಯ ಹೊರಗೆ ನಿಲ್ಲಿಸು ಎಂದು ವಾಡೆಯಿಂದ ಅಪ್ಪಣೆ ಬಂತು. ಕಾಕಾ ನಮ್ಮ ಕಚೇರಿಯ ಸುತ್ತೋಲೆಯನ್ನು ಓದಿ ಹೇಳಿದರು: ಟೀವಿ ಎಲ್ಲರಿಗೂ.

ನಾನು ವಾಡೆಗೆ ಹೋದೆ. ಧಣಿ ಸಿಟ್ಟಾಗಲಿಲ್ಲ. ಚಹಾ ತರಿಸಿದರು.

"ಮೈಸೂರಿಗೆ ಸೇರಿದ ವರ್ಷ ನಮ್ಮಪ್ಪ ಸಾಲಿಗಿ ಜಾಗಾ ಕೊಟ್ಟಾನ. ಸಾಲಿ ಹಿಂದಿನ ಕಣ ಕೊಟ್ಟಿಲ್ಲ. ಆಕಾಶ ಅಂತೂ ಯಾರಿಗೂ ಬರದು ಕೊಟ್ಟಿಲ್ಲ. ನನ್ನ ಕಣದಾಗ ನಾ ಬಣವಿ ಹಾಕ್ತೇನಿ. ನೀವು ಓದಿದವರು, ಚಹಾ ಕುಡೀರಿ."

ಮರುದಿನ ಬುಟ್ಟಿಯನ್ನು ಶಾಲೆಯ ಮಾಳಿಗೆಗೆ ಏರಿಸಿದೆವು. ಚಿತ್ರ ಬಂತು. ಎರಡು ದಿನದಲ್ಲಿ ಬಣವೆಯೂ ಅಷ್ಟೇ ಏರಿತು. ಕಂಬಕ್ಕೆ ಇನ್ನೊಂದು ತುಂಡು ಜೋಡಿಸಿ ನಾಲ್ಕಡಿ ಎತ್ತರಿಸಿದೆ. ಆ ಸಂಜೆ ಮಾಳಿಗೆಯ ಮೇಲಿದ್ದಾಗ ಕವಣೆಯ ಕಲ್ಲು ಬಂದು ಜಾಲರಿ ಹರಿಯಿತು. ಎರಡನೆಯ ಕಲ್ಲು ನನ್ನ ಕಿವಿಯ ಮೇಲಿನ ಚರ್ಮ ಸೀಳಿತು. ರಕ್ತ ಕಾಲರಿನೊಳಗೆ ಇಳಿಯಿತು. ಕೆಳಗೆ ಯಾರೋ ಅಂದರು: "ಹಕ್ಕಿ ಹೊಡೀಲಾಕ ಹೋಗಿದ್ದೇವ್ರಿ, ಮಾಫ್ ಮಾಡ್ರಿ." ಹಿಂದೆಯೇ ನಗು.

ಬೀದರಿನಲ್ಲಿ ಮೇಲಧಿಕಾರಿ ಹೇಳಿದ್ದು ಇಷ್ಟೇ: "ಬಣವೆ ಇಳಿಸುವುದು ನಮ್ಮ ಕೆಲಸ ಅಲ್ಲ. ಅಡಚಣೆ ಇಲ್ಲದ ಜಾಗ ನೋಡಿ ಬುಟ್ಟಿ ಸ್ಥಳಾಂತರಿಸಿ." ಬರೆದೂ ಕೊಟ್ಟರು. ಅಡಚಣೆ ಇಲ್ಲದ ಜಾಗ ಎಂದರೆ ಎಲ್ಲಿ ಎಂದು ಅವರು ಕೇಳಲಿಲ್ಲ.

ಊರಿನ ಪೂರ್ವಕ್ಕೆ ಬೌದ್ಧ ಓಣಿ. ಅಲ್ಲಿ ಕರೆಂಟು ಇದ್ದದ್ದು ವಿಹಾರಕ್ಕೆ ಮಾತ್ರ: ಒಂದು ಕೋಣೆ, ಮಣ್ಣಿನ ಮಾಳಿಗೆ, ಒಂದೇ ಬಾಗಿಲು, ಮುಂದೆ ಹುಲ್ಲಿನ ಚಪ್ಪರ. ಅದರ ಮಾಳಿಗೆಯಿಂದ ನೋಡಿದರೆ ಶಾಲೆಯೂ ಬಣವೆಯೂ ಗೆರೆಯ ಕೆಳಗೆ ದೂರದಲ್ಲಿ ಉಳಿಯುತ್ತಿದ್ದವು. ಬುಟ್ಟಿ, ಟೀವಿ ಎರಡನ್ನೂ ಅಲ್ಲಿಗೆ ಒಯ್ಯುವ ತೀರ್ಮಾನ ನನ್ನದು. ಅದನ್ನು ಕಾಕಾ ಅವರಿಗೆ ಹೇಳಿದೆ.

"ನೀವು ಸಂಜಿಗಿ ಜೀಪು ಹತ್ತಿ ಬೀದರಕ್ಕ ಹೋಗ್ತೀರಿ ಸಾಹೇಬ್ರ. ಓಣಿ ಎಲ್ಲಿಗಿ ಹೋಗ್ಬೇಕು?"

"ಬ್ಯಾಡಂದ್ರ ಬ್ಯಾಡ, ಕಾಕಾ."

"ಬ್ಯಾಡ ಅಂದಿಲ್ಲ. ಕೇಳ್ದೆ ಅಷ್ಟೇ." ಎದ್ದು ಕೊಕ್ಕೆ ಸರಿಪಡಿಸಿಕೊಂಡರು. "ಹಿಡೀರಿ ಆ ಕಡಿ."

ಮಾಳಿಗೆಯಲ್ಲಿ ಗುಂಡಿ ತೋಡುವಂತಿರಲಿಲ್ಲ. ಕಂಬದ ಕಾಲಿಗೆ ಮರಳಿನ ಚೀಲ ಹೇರಿದೆವು. ಎಂಟು ಚೀಲವನ್ನೂ ಅವರೊಬ್ಬರೇ ನಿಚ್ಚಣಿಕೆ ಏರಿ ಹೊತ್ತು ತಂದರು, ಗಂಜದಲ್ಲಿ ತೊಗರಿ ಹೊತ್ತ ಹಾಗೆ, ಕತ್ತು ಬಗ್ಗಿಸದೆ. ಮರಳು ಒದ್ದೆ ಇದ್ದರೆ ಜರುಗುವುದಿಲ್ಲವೆಂದು ಎರಡು ಕೊಡ ನೀರೂ ಬಂತು. ನನ್ನ ದಿಕ್ಸೂಚಿ ಕಲ್ಲೇಟಿನ ದಿನ ಒಡೆದಿತ್ತು. ಕಾಕಾ ನಕ್ಕರು.

"ಅದು ಯಾಕ ಬೇಕು? ಈ ಎಂಟು ದಿನ ನೋಡ್ಲಾಕತ್ತೇನಿ. ಮಧ್ಯಾಹ್ನ ಪೌಣೇ ನಾಕಕ್ಕ ಬುಟ್ಟಿ ಮುಂದ ಚಾಚಿದ ಆ ಮೂತಿ ಡಬ್ಬಿ ನೆರಳು ಬುಟ್ಟಿ ನಟ್ಟನಡುವ ಬೀಳ್ತದ. ಸೂರ್ಯ ಬಂದು ಆ ಉಪಗ್ರಹದ ಬೆನ್ನಿಗಿ ನಿಂದ್ರತಾನ."

ನಾನು ಪುಸ್ತಕದಲ್ಲಿ ಓದಿದ್ದ ಸಂಗತಿ ಅದು. ಹಗಲು ರಾತ್ರಿ ಸಮವಾಗುವ ದಿನಗಳ ಆಸುಪಾಸಿನಲ್ಲಿ ಸೂರ್ಯ ಕೆಲವು ನಿಮಿಷ ಉಪಗ್ರಹದ ಹಿಂದೆ ಬರುತ್ತಾನೆ. ಅವರು ಅದನ್ನು ನೆರಳು ನೋಡಿ ಕಂಡುಕೊಂಡಿದ್ದರು. ಮೂರೂ ಮುಕ್ಕಾಲಿಗೆ ನೆರಳನ್ನು ನಡುವಿಗೆ ತಂದು ಬೋಲ್ಟು ಅರ್ಧ ಬಿಗಿದೆವು. ಪೂರ್ತಿ ಹೊಂದಿಸುವುದು ಸಂಜೆ, ಪ್ರಸಾರ ಶುರುವಾದ ಮೇಲೆ.

ಹೊಂದಿಸುವ ವಿಧಾನ ಹೀಗೆ. ಒಬ್ಬರು ಕಂಬ ಹಿಡಿದು ಕೂದಲೆಳೆಯಷ್ಟು ತಿರುಗಿಸಬೇಕು. ಇನ್ನೊಬ್ಬರು ಮೀಟರಿನ ಮುಳ್ಳು ನೋಡಿ, ನಿಮಿಷ ನಿಮಿಷಕ್ಕೆ ಅದರ ಅಂಕಿಯನ್ನು ದಾಖಲೆ ಪುಸ್ತಕದಲ್ಲಿ ಬರೆಯಬೇಕು. ಗೆರೆಯಲ್ಲಿ ಹೊಸದಾಗಿ ಏನು ಕಂಡರೂ ಅಡೆತಡೆ ಎಂಬ ಅಂಕಣದಲ್ಲಿ ಬರೆಯಬೇಕು. ಕೊನೆಗೆ ಇಬ್ಬರೂ ಹೊತ್ತು ಹಾಕಿ ಸಹಿ ಮಾಡಬೇಕು. ಆರು ಇಪ್ಪತ್ತೈದಕ್ಕೆ ಮುಳ್ಳು ಎರಡರಲ್ಲಿತ್ತು, ಆರು ಮೂವತ್ತೊಂದಕ್ಕೆ ಐದರಲ್ಲಿ. ಮತ್ತೊಮ್ಮೆ ಗೆರೆ ನೋಡಲು ಕಂಬದ ಹಿಂದೆ ಕಣ್ಣಿಟ್ಟೆ. ಗೆರೆಯ ಬುಡದಲ್ಲಿ ಶಾಲೆ, ಅದರ ಮಗ್ಗುಲಲ್ಲಿ ಬುಡದವರೆಗೂ ಕಾಣುವ ಬಣವೆ. ಮಳೆ ಬಂದು ಹನ್ನೆರಡು ದಿನವಾಗಿತ್ತು, ಮೇಲಿನ ಕಣಿಕೆ ಗರಿಗರಿಯಾಗಿ ಒಣಗಿತ್ತು. ಬುಡದಲ್ಲಿ ಧಣಿಯ ಮೈದುನ. ನನಗೆ ವಾಡೆಯಲ್ಲಿ ಚಹಾ ತಂದುಕೊಟ್ಟವನು ಅವನೇ. ಗುರುತು ತಪ್ಪುವ ದೂರವಲ್ಲ. ಅವನು ಕೋಲಿನ ತುದಿಗೆ ಸುತ್ತಿದ ಉರಿಯುವ ಅರಿವೆಯನ್ನು ಬಣವೆಯ ಎತ್ತರಕ್ಕೆ ಹಿಡಿದು, ಚುಚ್ಚಿ, ಎಳೆದುಕೊಂಡು ವಾಡೆಯ ಕಡೆ ನಡೆದ. ಓಡಲೂ ಇಲ್ಲ.

"ಕಾಕಾ, ಬಣವಿಗಿ ಬೆಂಕಿ ಹಚ್ಚಿದ."

"ಯಾರು?"

ಹೇಳಿದೆ. ಅವರು ಕಂಬ ಬಿಡಲಿಲ್ಲ. ತಿರುಗಿ ನೋಡಲೂ ಇಲ್ಲ.

"ಟೈಮ್ ಬರೀರಿ. ಬುಕ್ ಕೊಡ್ರಿ ಈ ಕಡಿ, ಸಹಿ ಮಾಡ್ತೇನಿ. ಜಲ್ದಿ."

"ಇನ್ನಾ ಮುಗದಿಲ್ಲ ಕಾಕಾ, ಮುಳ್ಳು ಆರಕ್ಕ..."

"ಸಾಹೇಬ್ರ, ಗಂಜದಾಗ ಚೀಲ ಹರಿದ್ರ ಮೊದಲು ಹಮಾಲನ್ನ ಹಿಡೀತಾರ. ಕೊಡ್ರಿ."

ಆರು ಮೂವತ್ತನಾಲ್ಕು ಎಂದು ಬರೆದೆ. ಅಡೆತಡೆ ಅಂಕಣದಲ್ಲಿ "ಬಣವೆಗೆ ಬೆಂಕಿ" ಎಂದಷ್ಟೇ ಬರೆದೆ. ಹೆಸರು ಬರೆಯಲು ಪೆನ್ನು ಮುಂದೆ ಹೋಗಲಿಲ್ಲ. ಕಾಕಾ ತಮ್ಮ ಹೆಸರನ್ನು ಪೂರ್ತಿಯಾಗಿ, ಒಂದೊಂದೇ ಅಕ್ಷರ ಬಿಡಿಸಿ ಬರೆದರು. ಕೆಳಗೆ ವಿಹಾರದಲ್ಲಿ ಆಗಲೇ ಮೂವತ್ತು ನಲವತ್ತು ಜನ, ಹೆಚ್ಚಿನವರು ಹೆಂಗಸರು, ಮಕ್ಕಳು. ಚಿತ್ರ ಅಂದು ಬಂದಷ್ಟು ಸ್ಪಷ್ಟವಾಗಿ ಯಾವತ್ತೂ ಬಂದಿರಲಿಲ್ಲ.

ಹತ್ತು ನಿಮಿಷದಲ್ಲಿ ವಾಡೆಯ ಕಡೆಯವರು ಬಂದರು. ಇಪ್ಪತ್ತೈದೋ ಮೂವತ್ತೋ ಜನ, ಕೈಯಲ್ಲಿ ಬಡಿಗೆ, ಕೊಡಲಿಯ ಕಾವು, ಉರಿಯುವ ಕಣಿಕೆಯ ಸೂಡು. "ಬಣವಿ ಸುಟ್ಟಾನ! ಕೀಲ್ಯಾವ ಸುಟ್ಟಾನ!" ಎಂಬ ಕೂಗು ಅವರಿಗಿಂತ ಮುಂದೆ ಬಂತು. ಕಾಕಾ ಆಗಲೇ ಕೆಳಗಿಳಿದಿದ್ದರು. ಹೊರಗಿನಿಂದ ಬಾಗಿಲು ಹಾಕಿ ಬೀಗ ಜಡಿದು, ಕೀಲಿಯನ್ನು ಮುಷ್ಟಿಯಲ್ಲಿ ಹಿಡಿದು ಬಾಗಿಲಿಗೆ ಬೆನ್ನು ಕೊಟ್ಟು ನಿಂತರು. ಒಳಗಿದ್ದವರನ್ನು ಕಾಯಲು ಅವರಿಗೆ ತೋಚಿದ ಒಂದೇ ದಾರಿ ಅದು.

"ಕೀಲಿ ಕೊಡು. ಆ ಪೆಟ್ಟಿಗಿ ಹೊರಗ ತರ್ತೇವಿ."

"ಪೆಟ್ಟಿಗಿ ಸರ್ಕಾರದ್ದದ. ಒಳಗ ಹೆಣ್ಮಕ್ಕಳು ಅವ್ರ. ಮುಂಜಾನಿ ಬರ್ರಿ, ಮಾತಾಡೋಣು."

ಮೊದಲ ಏಟು ಮೊಣಕಾಲಿಗೆ ಬಿತ್ತು. ಅವರು ಬೀಳಲಿಲ್ಲ. ಎರಡನೆಯದು ಭುಜಕ್ಕೆ. ಆಮೇಲೆ ಎಲ್ಲರೂ ಆ ಮುಷ್ಟಿಗೇ ಹೊಡೆಯತೊಡಗಿದರು. ಕೊಡಲಿಯ ಕಾವು ಎಲುಬಿನ ಮೇಲೆ ಬೀಳುವ ಸದ್ದು ನನಗೆ ಈಗಲೂ ಕೇಳುತ್ತದೆ. ಒಣ ತೊಗರಿ ಕಟ್ಟಿಗೆ ಮುರಿದ ಹಾಗೆ. ನಾನು ಮಾಳಿಗೆಯ ಅಂಚಿನಲ್ಲಿ ಮಂಡಿಯೂರಿದ್ದೆ. ಯಾರೋ ನಿಚ್ಚಣಿಕೆ ಎಳೆದು ಬಿಸುಟಿದ್ದರು. ಕಾಕಾ ಒಮ್ಮೆ ಮೇಲೆ ನೋಡಿ ಕೈ ಬೀಸಿದರು. ಕೀಲಿ ನನ್ನ ಮುಂದೆ ಮಣ್ಣಿನಲ್ಲಿ ಬಿತ್ತು. ಅವರ ಸೊಂಟದಲ್ಲಿ ಕೊಕ್ಕೆ ಹಾಗೇ ಇತ್ತು. ಮುಟ್ಟಲಿಲ್ಲ.

ಆಗ ಸೂಡುಗಳು ಚಪ್ಪರದ ಮೇಲೆ ಬಿದ್ದವು.

ಹುಲ್ಲು ಹತ್ತಿಕೊಂಡ ರಭಸಕ್ಕೆ ಅವರೇ ಹಿಂದೆ ಸರಿದರು. ಒಳಗಿನಿಂದ ಬಾಗಿಲು ಬಡಿಯುವ ಸದ್ದು ಶುರುವಾಯಿತು. ಟೀವಿ ಇನ್ನೂ ಮಾತಾಡುತ್ತಿತ್ತು. ನನ್ನ ಕೈಯಲ್ಲಿ ಕೀಲಿ ಇತ್ತು, ನಾನು ಅಲುಗಲಿಲ್ಲ. ಎಷ್ಟು ಹೊತ್ತು ಎಂದು ಆಮೇಲೆ ಬಹಳ ಸಲ ಲೆಕ್ಕ ಹಾಕಿದ್ದೇನೆ. ಒಂದು ನಿಮಿಷ ಇದ್ದೀತು. ಗಡಿಯಾರ ಕೈಯಲ್ಲೇ ಇತ್ತು, ಆ ಒಂದು ಹೊತ್ತನ್ನು ಮಾತ್ರ ನಾನು ನೋಡಿಕೊಳ್ಳಲಿಲ್ಲ.

ಅಷ್ಟರಲ್ಲಿ ಊರ ಕಡೆಯಿಂದ ಇನ್ನೊಂದು ಕೂಗು ಬಂತು: "ವಾಡೇದ ಕೊಟ್ಟಗಿಗಿ ಬೆಂಕಿ ಹತ್ತೇದ! ಎತ್ತು ಸುಡ್ಲಾಕತ್ತಾವ!" ಅವರೇ ಹಚ್ಚಿದ ಬಣವೆಯ ಕಿಡಿ ಅವರ ಕೊಟ್ಟಿಗೆಗೇ ಹಾರಿತ್ತು. ಗುಂಪಿನ ಮುಕ್ಕಾಲು ಪಾಲು ಆ ಕಡೆ ಓಡಿತು.

ಅಪ್ಪ ಕೊಟ್ಟ ಕಂಬಳಿ ಯಾವಾಗಲೂ ನನ್ನ ಹೆಗಲ ಮೇಲಿರುತ್ತಿತ್ತು. ಅಡವಿಯಲ್ಲಿ ಹುಲ್ಲಿಗೆ ಬೆಂಕಿ ಬಿದ್ದರೆ ಕುರುಬರು ಏನು ಮಾಡುತ್ತಾರೆಂದು ಸಣ್ಣವನಿದ್ದಾಗಲೇ ನೋಡಿದ್ದೆ. ಕೊಡದಲ್ಲಿ ಉಳಿದಿದ್ದ ನೀರಿನಲ್ಲಿ ಅದನ್ನು ಅದ್ದಿ, ಮೈಗೆ ಸುತ್ತಿಕೊಂಡು ಹಿಂಬದಿಯಿಂದ ಧುಮುಕಿದೆ. ಪಾದ ಉಳುಕಿತು. ಕುಂಟುತ್ತ ಮುಂದೆ ಬಂದೆ. ಉಳಿದವರಲ್ಲಿ ಒಬ್ಬ ಬಡಿಗೆಯಿಂದ ಬೆನ್ನಿಗೆ ಹೊಡೆದ. ಒದ್ದೆ ಕಂಬಳಿ ಏಟನ್ನು ಅರ್ಧ ನುಂಗಿತು. ಉರಿದು ಬಿದ್ದ ಹುಲ್ಲಿನ ಮೇಲೆ ಕಂಬಳಿ ಹಾಸಿ ಬಾಗಿಲ ಮುಂದೆ ಕೂತೆ.

ಬೀಗ ಕಾದಿತ್ತು. ಕೀಲಿಯನ್ನು ಎಡಕ್ಕೆ ತಿರುಗಿಸಿದೆ. ತೆರೆಯಲಿಲ್ಲ. ಮತ್ತೆ ಎಡಕ್ಕೇ ತಿರುಗಿಸಿದೆ.

"ಬಲಕ್ಕ," ಎಂದಿತು ನೆಲದ ಮಟ್ಟದ ಒಂದು ಧ್ವನಿ. ಕಾಕಾ ಗೋಡೆಗೆ ಒರಗಿ ಬಿದ್ದಿದ್ದರು. "ಬಲಕ್ಕ, ಸಾಹೇಬ್ರ."

ಬಾಗಿಲು ತೆರೆಯಿತು. ಹೆಂಗಸರು ಸೆರಗು ಮೂಗಿಗೆ ಹಿಡಿದು, ಮಕ್ಕಳನ್ನು ಎಳೆದುಕೊಂಡು ಹೊರಬಿದ್ದರು. ಹೊಡೆದವರಲ್ಲಿ ಉಳಿದ ನಾಲ್ಕೈದು ಜನ ಅವರ ಮುಖ ನೋಡಿ ಸುಮ್ಮನೆ ಕರಗಿ ಹೋದರು. ಯಾರೂ ಸಾಯಲಿಲ್ಲ. ಕೊನೆಗೆ ಬಂದವರು ಕಾಕಾ ಅವರ ಹೆಂಡತಿ. ಗಂಡನ ಕೈ ನೋಡಿ ಅವರು ಅಳಲಿಲ್ಲ. ತಮ್ಮ ಸೀರೆಯ ಅಂಚು ಹರಿದು ಕಟ್ಟಿದರು.

ಜೀಪಿನಲ್ಲಿ ಕಾಕಾ ಅವರನ್ನು ಬೀದರಿನ ದವಾಖಾನೆಗೆ ತಂದೆ. ಬಲಗೈಯ ಮೂರು ಬೆರಳು, ಮಣಿಕಟ್ಟು ಮುರಿದಿದ್ದವು. ದಾರಿಯಲ್ಲಿ ಒಮ್ಮೆ ಕೇಳಿದೆ: "ಕೊಕ್ಕಿ ಇತ್ತಲ್ಲ ಕಾಕಾ, ಯಾಕ ತೆಗೀಲಿಲ್ಲ?"

"ತೆಗದಿದ್ರ ನಾನೇ ಆರೋಪಿ ಆಗ್ತಿದ್ದೆ."

ಹಾಗೂ ಅವರೇ ಆರೋಪಿಯಾದರು. ಮರುದಿನ ವಾಡೆಯಿಂದ ದೂರು ಹೋಗಿತ್ತು: ಬಣವೆ ಮತ್ತು ಕೊಟ್ಟಿಗೆ ಸುಟ್ಟವನು ಕೀಲಿಯವ. "ಅವ್ರು ಬರದು ಕೊಟ್ಟಾರ, ನಾ ತನಿಖಿ ಮಾಡ್ಲೇಬೇಕು," ಎಂದರು ತನಿಖೆಗೆ ಬಂದ ಪೊಲೀಸ್ ಅಧಿಕಾರಿ. "ಅಂವ ಅಲ್ಲ ಅನ್ಲಾಕ ನಿಮ್ಮ ಕಡಿ ಏನರ ಅದ?"

ದಾಖಲೆ ಪುಸ್ತಕ ಕಚೇರಿಯ ಕಪಾಟಿನಲ್ಲಿತ್ತು. ಮೇಲಧಿಕಾರಿ ಆ ಪುಟ ನೋಡಿ ಕನ್ನಡಕ ತೆಗೆದಿಟ್ಟರು. "ನಿಮ್ಮನ್ನು ಕಳಿಸಿದ್ದು ಬುಟ್ಟಿ ನೋಡಲಿಕ್ಕೆ. ಬುಟ್ಟಿಯ ಬಗ್ಗೆ ಮಾತ್ರ ವರದಿ ಬರೆಯಿರಿ. ಇನ್ನು ನಾಲ್ಕು ತಿಂಗಳಿಗೆ ಆ ಉಪಗ್ರಹವೇ ಹೋಗುತ್ತದೆ. ನೀವು ಇದೇ ಜಿಲ್ಲೆಯಲ್ಲಿ ಇರಬೇಕಾದವರು."

ಅವರು ಹೇಳಿದ್ದರಲ್ಲಿ ಸುಳ್ಳು ಇರಲಿಲ್ಲ. ಮೂರು ದಿನ ಸುಮ್ಮನಿದ್ದೆ. ನಾಲ್ಕನೆಯ ದಿನ ರೈಲಿಳಿದು ನಮ್ಮೂರು ಹಲಬರ್ಗಾಕ್ಕೆ ನಡೆಯುತ್ತಿದ್ದಾಗ ಇಬ್ಬರು ಸೈಕಲ್ಲು ಅಡ್ಡ ಹಾಕಿದರು. ಒಬ್ಬ ನನ್ನ ಅಂಗಿಯ ಗುಂಡಿ ಹಾಕಿ ಸರಿಪಡಿಸಿದ. "ನಿಮ್ಮಪ್ಪನ ಕುರಿ ಅಡವ್ಯಾಗ ಮಲಗ್ತಾವಲ್ರಿ? ಛಲೋ ಕುರಿ ಅವ," ಎಂದು ಹೋದ.

ಮನೆಯಲ್ಲಿ ಅಪ್ಪನಿಗೆ ಎಲ್ಲ ಹೇಳಿದೆ. ಅವರು ಸುಟ್ಟು ತೂತಾದ ಕಂಬಳಿಯನ್ನು ಬೆಳಕಿಗೆ ಹಿಡಿದು ನೋಡುತ್ತ ಕೂತರು.

"ಕುರಿ ನಾ ಕಾಯ್ತೇನಿ," ಎಂದರು. "ನಿಂದು ನೀ ನೋಡ್ಕೊ."

ಮರುದಿನ ಪುಸ್ತಕವನ್ನು ಕಪಾಟಿನಿಂದ ತೆಗೆದು, ಮೇಲಧಿಕಾರಿಯ ಮೇಜಿನ ಮೇಲೆ ಒಂದು ಚೀಟಿ ಇಟ್ಟು ಔರಾದದ ಪೊಲೀಸ್ ಠಾಣೆಗೆ ಒಯ್ದೆ. ಬೆಂಕಿ ಬಿದ್ದ ಹೊತ್ತು, ಅದೇ ನಿಮಿಷ ವಿಹಾರದ ಮಾಳಿಗೆಯ ಮೇಲೆ ಕಂಬ ಹಿಡಿದವರ ಸಹಿ, ಎರಡೂ ಒಂದೇ ಸಾಲಿನಲ್ಲಿದ್ದವು. ಬರೆಯದೆ ಬಿಟ್ಟ ಹೆಸರನ್ನು ಬಾಯಿಂದ ಹೇಳಿದೆ. ಮುಂದೆ ಭಾಲ್ಕಿಯ ಕೋರ್ಟಿನಲ್ಲಿ ಧಣಿಯ ಮೈದುನ ನನ್ನಿಂದ ನಾಲ್ಕು ಮಾರು ದೂರ ನಿಂತಿದ್ದಾಗ ಮತ್ತೆ ಹೇಳಿದೆ. ಎದುರಿನ ವಕೀಲರು ಕೇಳಿದರು: "ಆ ಹೊತ್ತಿನಲ್ಲಿ ನೀವು ಆ ಕಡೆಗೇ ಯಾಕೆ ನೋಡುತ್ತಿದ್ದಿರಿ?" ಅವರಿಗೆ ಮೂವತ್ತೆಂಟು ಡಿಗ್ರಿಯ ಗೆರೆಯನ್ನು ವಿವರಿಸಿದೆ. ಈ ಸಲ ಪುಸ್ತಕದ ಆ ಸಾಲಿನ ಮೇಲೆ ಬೆರಳಿಟ್ಟೆ. ಕಾಕಾ ಮೇಲಿನ ದೂರು ಬಿದ್ದುಹೋಯಿತು. ಮೈದುನನ ಕೇಸು ಇನ್ನೂ ನಡೆಯುತ್ತಿತ್ತು.

ಆ ನಾಲ್ಕು ತಿಂಗಳೂ ನನಗೆ ನಿದ್ದೆ ಇರಲಿಲ್ಲ. ಕಣ್ಣು ಮುಚ್ಚಿದರೆ ಬೀಗ, ಎಡಕ್ಕೆ ತಿರುಗುವ ಕೀಲಿ, ಬಾಗಿಲ ಆ ಕಡೆ ಬಡಿಯುವ ಕೈಗಳು. ಪ್ರತಿ ಸಲ ಅಲ್ಲಿಗೇ ಎಚ್ಚರವಾಗುತ್ತಿತ್ತು.

ಉಪಗ್ರಹದ ಕೊನೆಯ ಪ್ರಸಾರದ ದಿನ ಆ ಊರಿಗೆ ಹೋದೆ. ಜಾಲರಿಗೆ ತೇಪೆ ಹಾಕಿ, ಬುಟ್ಟಿಯನ್ನು ಅದೇ ಮಾಳಿಗೆಯ ಮೇಲೆ ಉಳಿಸಿಕೊಂಡಿದ್ದೆವು. ಧಣಿಯ ತಾಯಿ ಮಣೆ ಹಿಡಿದುಕೊಂಡು ಒಬ್ಬರೇ ಓಣಿಗೆ ನಡೆದು ಬಂದರು. ಕಾಕಾ ಅವರ ಹೆಂಡತಿ ಎಡಕ್ಕೆ ತುಸು ಸರಿದು ಜಾಗ ಮಾಡಿಕೊಟ್ಟರು. ಪ್ರಸಾರ ಮುಗಿದಾಗ ಡಾಕ್ಟರು ಇರಲಿಲ್ಲ, ಹಾಡಿರಲಿಲ್ಲ. ಇರುವೆಗಳು ಬಂದವು, ಹೋಗಲಿಲ್ಲ. ನಾನು ಗುಂಡಿ ಒತ್ತಿ ಪೆಟ್ಟಿಗೆ ಆರಿಸಿದೆ.

ಕಾಕಾ ಎಡಗೈಯಲ್ಲಿ ಬೀಗ ತಂದರು. ಬಲಗೈಯ ಬೆರಳು ಮಡಚುತ್ತಿರಲಿಲ್ಲ.

"ಇವತ್ತ ಕೀಲಿ ಹಾಕೂದು ಬ್ಯಾಡ ಕಾಕಾ," ಎಂದೆ.

"ಸರ್ಕಾರದ ಪೆಟ್ಟಿಗಿ ಸಾಹೇಬ್ರ. ಮುಂಜಾನಿ ತನಕ ನನ್ನ ಜಿಮ್ಮಾ."

"ಗೊತ್ತದ. ಆದ್ರೂ ಬ್ಯಾಡ."

ಅವರು ಬೀಗವನ್ನು ಜೇಬಿಗೆ ಹಾಕಿಕೊಂಡರು. "ಹೋಗ್ರಿ, ಮ್ಯಾಲ ಗಾಳಿ ಅದ. ಮಲಗ್ರಿ."

ಮಾಳಿಗೆಯ ಮೇಲೆ ಬುಟ್ಟಿಯ ಕೆಳಗೆ, ಅದೇ ತೂತುಬಿದ್ದ ಕಂಬಳಿ ಹೊದ್ದು ಮಲಗಿದೆ. ಕಣ್ಣು ತೆರೆದಾಗ ಬಿಸಿಲು ಮುಖದ ಮೇಲಿತ್ತು. ಕೆಳಗೆ ಇಣುಕಿದೆ. ವಿಹಾರದ ಎರಡೂ ಕದ ಹಾರು ಹೊಡೆದಿದ್ದವು. ಹೊಸ್ತಿಲಿಗೆ ಅಡ್ಡಲಾಗಿ ಕಾಕಾ ಮಲಗಿದ್ದರು, ಮುರಿದ ಕೈ ಎದೆಯ ಮೇಲಿಟ್ಟುಕೊಂಡು, ಬಾಯಿ ತೆರೆದು, ಗೊರಕೆ ಹೊಡೆಯುತ್ತ.